ಗಾಣದ ಹಸನಸಾಬರು ಜೈತೂನ ರುಚಿ ನೋಡಿದ್ದು

ಸವಣೂರಿನ ಗಾಣದ ಹಸನಸಾಬರಿಗೆ ನೆಟ್ಟಗೆ ನಡೆಯಲು ಬರುವುದಿಲ್ಲ. ಕಾಲಿನಲ್ಲಿ ದೋಷವೇನಿಲ್ಲ. ಹರೆಯದ ವರ್ಷಗಳನ್ನೆಲ್ಲ ಎತ್ತಿನ ಹಿಂದೆ ಗಾಣ ಸುತ್ತುತ್ತಲೇ ಕಳೆದದ್ದರಿಂದ, ಎತ್ತು ಹೋಗಿ ಮೋಟರು ಬಂದು ಎಷ್ಟೋ ಕಾಲವಾದರೂ ಅವರ ದೇಹ ಆ ವರ್ತುಲವನ್ನು ಮರೆತಿಲ್ಲ. ಮಸೀದಿಯಿಂದ ಪೇಟೆಗೆ ಹೋಗುವ ನೇರ ರಸ್ತೆಯಲ್ಲಿ ಹೊರಟರೂ ನಾಲ್ಕು ಅಂಗಡಿ ದಾಟುವಷ್ಟರಲ್ಲಿ ಎಡಕ್ಕೆ ಸರಿದು ಗಟಾರದ ಅಂಚಿಗೆ ಬಂದಿರುತ್ತಾರೆ. ನಿಂತು, ರಸ್ತೆಯದೇ ತಪ್ಪೆಂಬಂತೆ ಅದನ್ನೊಮ್ಮೆ ದುರುಗುಟ್ಟಿ ನೋಡಿ, ಮತ್ತೆ ನಡುವಿಗೆ ಬರುತ್ತಾರೆ. ಜೊತೆಗೆ ನಡೆಯುವವರು ಬುದ್ಧಿವಂತರಾದರೆ ಅವರ ಬಲಗಡೆಗೆ ಇರುತ್ತಾರೆ. ಮೈಮೇಲೆ ಬೇಸಿಗೆ, ಚಳಿಗಾಲ ಎನ್ನದೆ ಒಂದು ಕಂದು ಜಾಕೀಟು. ಎಣ್ಣೆಯ ಬೆರಳನ್ನು ಒರೆಸಿ ಒರೆಸಿ ಅದರ ಬಲಜೇಬು ಕಪ್ಪಗಾಗಿ ಚರ್ಮದಷ್ಟು ದಪ್ಪವಾಗಿದೆ. ಅದನ್ನು ಒಗೆಯಲು ಹೆಂಡತಿ ಚಾಂದಬಿ ಮಾಡಿದ ಪ್ರಯತ್ನಗಳೆಲ್ಲ ವಿಫಲವಾಗಿವೆ.

ಊರಿಗೆ ಅವರು ಬೇಕಾಗಿದ್ದುದು ನಾಲಿಗೆಗಾಗಿ. ಸವಣೂರಿನ ಖಾರದ ತಿಂಡಿ ಕರಿಯುವವರು ಡಬ್ಬಿಗಟ್ಟಲೆ ಎಣ್ಣೆ ಕೊಳ್ಳುವ ಮೊದಲು, ಮದುವೆಮನೆಯವರು ಅಂಗಡಿಯವನ ಮೇಲೆ ಸಂಶಯ ಬಂದಾಗ, ಬಟ್ಟಲಲ್ಲಿ ಸ್ವಲ್ಪ ಎಣ್ಣೆ ಹಿಡಿದು ಗಾಣದ ಕಟ್ಟೆಗೆ ಬರುತ್ತಿದ್ದರು. ಕೊಂಡವನೂ ಮಾರಿದವನೂ ಕೂಡಿಯೇ ಬರಬೇಕೆಂಬುದು ಅವರ ತಂದೆಯ ಕಾಲದ ಕಟ್ಟಳೆ. ಒಬ್ಬನೇ ಬಂದರೆ ಬಟ್ಟಲನ್ನು ಮುಟ್ಟುತ್ತಲೂ ಇರಲಿಲ್ಲ. ಇಬ್ಬರೂ ಕುಳಿತ ಮೇಲೆ ಕಿರುಬೆರಳನ್ನು ಅದ್ದಿ, ಅಂಗೈಗೆ ತಿಕ್ಕಿ, ಮೂಗಿಗೆ ಹಿಡಿದು, ಕೊನೆಗೆ ನಾಲಿಗೆಗೆ ಮುಟ್ಟಿಸಿ ಕಣ್ಣು ಮುಚ್ಚುವರು. ಕಣ್ಣು ತೆರೆದಾಗ ಹೊರಬರುತ್ತಿದ್ದುದು ಎರಡರಲ್ಲಿ ಒಂದು ಮಾತು. ಎಣ್ಣೆ ಶುದ್ಧವಾಗಿದ್ದರೆ “ನಡೀತೈತಿ.” ಕಮಟಿದ್ದರೆ, ಕಲಬೆರಕೆಯಾಗಿದ್ದರೆ, “ಒಯ್ರಿ.” ಆಮೇಲೆ ವಾದವಿಲ್ಲ, ಮೇಲ್ಮನವಿಯಿಲ್ಲ. ತಮ್ಮದೇ ಗಾಣದ ಕುಸುಬಿ ಎಣ್ಣೆಗೂ “ನಡೀತೈತಿ”ಗಿಂತ ಮೇಲಿನ ಪದವಿಯನ್ನು ಅವರು ಕೊಟ್ಟವರಲ್ಲ. ಮಗಳು ಮದಿಹಾಗೆ ಗಂಡು ನೋಡಿ ಬಂದಾಗಲೂ “ನಡೀತೈತಿ” ಎಂದಷ್ಟೇ ಅಂದರೆಂದು ಚಾಂದಬಿ ಇಂದಿಗೂ ಹಂಗಿಸುತ್ತಾರೆ.

ಇಂಥ ಹಸನಸಾಬರಿಗೆ ಮೂರು ಮಳೆಗಾಲದ ಹಿಂದೆ ಒಂದು ಜ್ವರ ಬಂತು. ಹೋಗುವಾಗ ಅವರ ಮೂಗಿನ ಶಕ್ತಿಯನ್ನು ಕಟ್ಟಿಕೊಂಡು ಹೋಯಿತು. ಗಾಣಕ್ಕೆ ಹಾಕುವ ಮೊದಲು ಬೆಚ್ಚಗೆ ಮಾಡಲು ಇಟ್ಟಿದ್ದ ಕುಸುಬಿ ಕಡಾಯಿಯಲ್ಲಿ ಹತ್ತಿ ಉರಿಯುತ್ತಿದ್ದಾಗ, ಅದರ ಪಕ್ಕದಲ್ಲೇ ಕುಳಿತು ಅವರು ನಿಶ್ಚಿಂತೆಯಿಂದ ಎಲೆಗೆ ಸುಣ್ಣ ಹಚ್ಚುತ್ತಿದ್ದರು. ಒಳಗಿನಿಂದ ಓಡಿ ಬಂದ ಚಾಂದಬಿಗೆ ಆ ಕ್ಷಣವೇ ವಿಷಯ ತಿಳಿಯಿತು. ವಾಸನೆ ತಿರುಗಿ ಬಂದರೂ ಬರಬಹುದು, ಬಾರದೆಯೂ ಇರಬಹುದು ಎಂದು ಹುಬ್ಬಳ್ಳಿಯ ವೈದ್ಯರು ಹೇಳಿದರು. ಹಸನಸಾಬರು ಹೆಂಡತಿಯಿಂದ ಆಣೆ ಹಾಕಿಸಿಕೊಂಡರು, ಹೊರಗೆ ಬಾಯಿ ಬಿಡಕೂಡದೆಂದು. ಕಟ್ಟೆಯ ಮೇಲಿನ ಆ ಜಾಗ ತಂದೆಯಿಂದ ಬಂದದ್ದು. ತಮ್ಮ ಕೈಯಲ್ಲಿ ಅದು ಮುಗಿದುಹೋಗುವುದನ್ನು ಅವರು ಸಹಿಸಲಾರದೆ ಹೋದರು.

ಬಟ್ಟಲುಗಳು ಬರುವುದು ನಿಲ್ಲಲಿಲ್ಲ, ತೀರ್ಪುಗಳೂ ನಿಲ್ಲಲಿಲ್ಲ. ಬೆರಳು ಅದ್ದುವುದು, ಮೂಗಿಗೆ ಹಿಡಿಯುವುದು ಎಲ್ಲ ಯಥಾವತ್ತಾಗಿ ನಡೆಯಿತು. ಒಳಗಿನ ಲೆಕ್ಕಾಚಾರ ಮಾತ್ರ ಬೇರೆಯಾಯಿತು. ಈಗ ಅವರು ಬಣ್ಣ ನೋಡುತ್ತಿದ್ದರು. ಮಾರಿದವನ ಮುಖ ನೋಡುತ್ತಿದ್ದರು. ಇವೆರಡರಿಂದಲೂ ಬಗೆಹರಿಯದಿದ್ದರೆ ಗಂಟಲನ್ನು ಕೇಳುತ್ತಿದ್ದರು, ಏಕೆಂದರೆ ಕೆಟ್ಟ ಕುಸುಬಿ ಎಣ್ಣೆ ಗಂಟಲು ಕೆರೆಯುತ್ತದೆ, ಅದಕ್ಕೆ ಮೂಗಿನ ಹಂಗಿಲ್ಲ. ಹೀಗೆಯೇ ಒಂದು ಚಳಿಗಾಲದಲ್ಲಿ ಯಲವಿಗಿಯ ಶಂಕ್ರಪ್ಪ ತನ್ನ ಮನೆಯ ಮದುವೆಗೆ ತರಿಸಿದ ಎಣ್ಣೆಯನ್ನೂ, ಅದನ್ನು ಮಾರಿದ ಶಿಗ್ಗಾವಿಯ ಕಿರಾಣಿ ಅಂಗಡಿಯ ಫಯಾಜನನ್ನೂ ಕಟ್ಟೆಗೆ ಕರೆತಂದ. ಫಯಾಜ ಅಂಜುಬುರುಕ, ಕುಳಿತಲ್ಲೇ ಬೆವತಿದ್ದ. ಹಸನಸಾಬರ ಗಂಟಲು ಅಂದು ನೆಗಡಿಯಿಂದ ಮೊದಲೇ ಕೆರೆಯುತ್ತಿತ್ತು. ಕಣ್ಣು ಮುಚ್ಚಿ, ತೆರೆದು, “ಒಯ್ರಿ” ಅಂದರು. ಶಂಕ್ರಪ್ಪ ಡಬ್ಬಿಗಳನ್ನು ಹಿಂತಿರುಗಿಸಿದ. ಫಯಾಜ ಮುಂದೆ ಅಂಗಡಿಯಲ್ಲಿ ಎಣ್ಣೆ ಇಡುವುದನ್ನೇ ಬಿಟ್ಟನೆಂದು ಸುದ್ದಿ ಬಂತು. ಆ ಸುದ್ದಿ ಕೇಳಿದ ದಿನ ಹಸನಸಾಬರು ಊಟ ಅರ್ಧಕ್ಕೆ ಬಿಟ್ಟು ಎದ್ದರು.

ಹೋದ ವರ್ಷ ಅವರು ಹೆಂಡತಿಯೊಡನೆ ಮಕ್ಕಾದ ಉಮ್ರಾ ಯಾತ್ರೆಗೆ ಹೊರಟಾಗ ಊರವರು ಅವರವರ ಬೇಡಿಕೆಗಳನ್ನು ಅಲ್ಲಿಯ ದುವಾ ಪ್ರಾರ್ಥನೆಯಲ್ಲಿ ಸೇರಿಸಲು ಹೇಳಿ ಕಳಿಸಿದರು. ಅವರದೇ ಬೇಡಿಕೆ ಏನೆಂಬುದು ಚಾಂದಬಿಗೆ ಮಾತ್ರ ತಿಳಿದಿತ್ತು. ಪ್ರವಾಸದ ಮುಖಂಡ ಬಂಕಾಪುರದ ಅಲ್ತಾಫ. ಮಾತು ಅವನ ಬಾಯಿಂದ ಬೀಳುವುದಲ್ಲದೆ ನಿಲ್ಲುವುದನ್ನು ಯಾರೂ ಕಂಡಿರಲಿಲ್ಲ. ಮಕ್ಕಾ, ಮದೀನಾ ಮುಗಿಸಿ ಮರಳುವ ದಾರಿಯಲ್ಲಿ ಟರ್ಕಿಯನ್ನೂ ತೋರಿಸುವುದು ಅವನ ಏರ್ಪಾಡು. ಬುರ್ಸಾ ಎಂಬ ಪಟ್ಟಣದಾಚೆ, ಕೆರೆಯೊಂದರ ಮೇಲಿನ ಗುಡ್ಡದಲ್ಲಿ, ಬಸ್ಸು ಒಂದು ಜೈತೂನ, ಅಂದರೆ ಆಲಿವ್, ತೋಟದ ಮುಂದೆ ನಿಂತಿತು. ನಮ್ಮ ಕಡೆ ಜೈತೂನವೆಂದರೆ ಹಾಜಿಗಳು ತರುವ ಪುಟ್ಟ ಸೀಸೆ, ಕೂಸಿನ ಮೈಗೆ ತಿಕ್ಕುವ ಎಣ್ಣೆ, ಖುರಾನಿನಲ್ಲಿ ಬರುವ ಹೆಸರು, ಮರ ಕಂಡವರಿಲ್ಲ. ಎಲೆಯ ಬೆನ್ನು ಬೆಳ್ಳಿಯಂತೆ ಹೊಳೆಯುವ ಆ ಗಿಡ್ಡ ಮರಗಳ ಕೆಳಗೆ ಬಲೆ ಹಾಸಿ, ಉದ್ದ ಹಣಿಗೆಯಂಥ ಕೋಲುಗಳಿಂದ ಕೊಂಬೆ ಬಾಚಿ ಹಸಿರು ಕಾಯಿ ಉದುರಿಸುತ್ತಿದ್ದರು. ಹಸನಸಾಬರು ಒಂದು ಕಾಯಿ ಎತ್ತಿ ಉಗುರಿನಿಂದ ಒತ್ತಿ ನೋಡಿದರು. ಅಂಗಳದ ಮೂಲೆಯಲ್ಲಿ ಬಿದ್ದಿದ್ದ ಹಳೆಯ ಕಲ್ಲಿನ ಗಾಣವನ್ನು ಕಂಡು ಅದರ ಸುತ್ತ ಒಂದು ಸುತ್ತು ಬಂದರು. ಆ ಸುತ್ತಿನಲ್ಲಿ ಮಾತ್ರ ಅವರ ನಡಿಗೆ ಎಲ್ಲೂ ತಪ್ಪಲಿಲ್ಲ.

ತೋಟದ ಒಡತಿ ಒಬ್ಬ ಮುದುಕಿ, ತಲೆಗೆ ಹೂವಿನ ಚಿತ್ತಾರದ ವಸ್ತ್ರ ಕಟ್ಟಿದವಳು. ಉದ್ದ ಮೇಜಿಗೆ ಎಲ್ಲರನ್ನೂ ಕೂರಿಸಿ, ಒಬ್ಬೊಬ್ಬರ ಮುಂದೆ ಎರಡೆರಡು ಪುಟ್ಟ ಗಾಜಿನ ಬಟ್ಟಲು ಇರಿಸಿದಳು. ಗಾಜು ಕಡುನೀಲಿ. ಒಳಗಿನ ಎಣ್ಣೆಯ ಬಣ್ಣ ಕಾಣಬಾರದೆಂದೇ ಹಾಗೆ ಮಾಡಿದ್ದು, ಬಣ್ಣ ನೋಡಿದರೆ ನಾಲಿಗೆ ಮೋಸ ಹೋಗುತ್ತದೆ ಎಂದು ಉರ್ದು ಬಲ್ಲ ಮಾರ್ಗದರ್ಶಿ ವಿವರಿಸಿದ. ಎರಡರಲ್ಲಿ ಒಂದು ಈ ವಾರ ಹಿಂಡಿದ್ದು, ಇನ್ನೊಂದು ಬೇಕೆಂದೇ ಕೆಡಿಸಿ ಇಟ್ಟದ್ದು. ಯಾವುದು ಯಾವುದೆಂದು ಅತಿಥಿಗಳೇ ಹೇಳಬೇಕು. ಹಸನಸಾಬರು ಬಟ್ಟಲಿನೊಳಗೆ ಇಣುಕಿದರು, ನೀಲಿಯ ಹೊರತು ಏನೂ ಇಲ್ಲ. ಮುದುಕಿಯ ಮುಖ ನೋಡಿದರು. ಅವಳು ಎರಡು ಬಟ್ಟಲಿಗೂ ಒಂದೇ ನಗೆ ನಗುತ್ತಿದ್ದಳು.

ಅಲ್ತಾಫ ಎದ್ದು ನಿಂತ. “ತಡೀರಿ, ಯಾರೂ ಬಾಯಿ ಹಾಕಬ್ಯಾಡ್ರಿ. ನಮ್ಮ ಹಸನಚಾಚಾ ಅದಾರ ಇಲ್ಲಿ. ಸವಣೂರಾಗ ಇವರ ನಾಲಿಗಿ ಅಂದ್ರ ಕೋರ್ಟ್ ಇದ್ದಂಗ. ಮೊದಲ ಅವರು ಹೇಳಲಿ.”

ಮಾರ್ಗದರ್ಶಿ ಅದನ್ನು ಅವನಿಂದ ಉರ್ದುವಿನಲ್ಲಿ ಕೇಳಿ ಟರ್ಕಿ ಭಾಷೆಯಲ್ಲಿ ಹೇಳಿದ. ಮುದುಕಿ ಎದೆಗೆ ಕೈಯಿಟ್ಟು, ವೃತ್ತಿಬಂಧುವಿಗೆ ಸಲ್ಲಬೇಕಾದ ಗೌರವದಿಂದ ತಲೆಬಾಗಿದಳು. ಹಸನಸಾಬರು ಅವಳು ತೋರಿಸಿದಂತೆ ಮೊದಲ ಬಟ್ಟಲನ್ನು ಅಂಗೈಯಲ್ಲಿ ಬೆಚ್ಚಗೆ ಮಾಡಿ, ಮೂಗಿಗೆ ಹಿಡಿದು, ಒಂದು ಗುಟುಕು ಹೀರಿದರು. ಗಂಟಲಲ್ಲಿ ಬೆಂಕಿ ಬಿತ್ತು. ಕೆಮ್ಮು ಬಂತು, ಕಣ್ಣಲ್ಲಿ ನೀರೂ ಬಂತು. ಅಷ್ಟು ಕೆಟ್ಟ ಎಣ್ಣೆಯನ್ನು ಅವರು ಜನ್ಮದಲ್ಲಿ ಕಂಡಿರಲಿಲ್ಲ. ಎರಡನೆಯದು ನೀರಿನಂತೆ ಸದ್ದಿಲ್ಲದೆ ಇಳಿಯಿತು. ಗಂಟಲು ಏನೂ ಅನ್ನಲಿಲ್ಲ. ಅವರು ಕಣ್ಣು ಮುಚ್ಚಿ ತೆರೆದು, ಮೊದಲನೆಯದನ್ನು ದೂರ ಸರಿಸಿ “ಒಯ್ರಿ” ಅಂದರು. ಎರಡನೆಯದರ ಮೇಲೆ ಬೆರಳಿಟ್ಟು “ನಡೀತೈತಿ” ಅಂದರು.

ಅಷ್ಟರಲ್ಲಿ ಉಳಿದವರು ತಂತಮ್ಮ ಬಟ್ಟಲು ಎತ್ತಿದ್ದರು. ಎರಡನೆಯದು ಮೂಗಿನ ಹತ್ತಿರ ಬರುತ್ತಲೇ ಚಾಂದಬಿಯಿಂದ ಹಿಡಿದು ಮೇಜಿನ ಕೊನೆಯವರೆಗೂ ಎಲ್ಲರೂ ಮುಖ ಕಿವಿಚಿದರು, ಯಾರೋ “ಅಯ್ಯ, ಇದರಾಗ ಏನ ಸತ್ತೈತಿ?” ಅಂದರು. ಮೇಜು ನಕ್ಕಿತು. ಗಂಟಲು ಉರಿದು ಕೆಮ್ಮು ಬರುವುದೇ ಹೊಸ ಜೈತೂನದ ಗುಣ, ಕೆಮ್ಮಿದಷ್ಟೂ ಎಣ್ಣೆ ಉತ್ತಮ ಎಂದು ಮಾರ್ಗದರ್ಶಿ ತಿಳಿಹೇಳಿದ. ನಗದೆ ಕುಳಿತವಳು ಆ ಮುದುಕಿ ಒಬ್ಬಳೇ. ಅವಳು ಹಸನಸಾಬರ ಮುಖವನ್ನೂ ಅವರು ಖಾಲಿ ಮಾಡಿದ ಎರಡನೆಯ ಬಟ್ಟಲನ್ನೂ ನೋಡಿ, ಅವರ ಮುಂದೆ ಒಂದು ತುಂಡು ರೊಟ್ಟಿ ಇಟ್ಟಳು.

ಮಾನ ಉಳಿಸಲು ಅಲ್ತಾಫನೇ ಧಾವಿಸಿದ. “ಅಲ್ರೀ, ನಗ್ತೀರಿ ಯಾಕ? ನಮ್ಮ ಕಡೆ ಗಂಟಲ ಕೆರದ್ರ ಕೆಟ್ಟ ಎಣ್ಣಿ. ಇವರ ದೇಶದಾಗ ಅದಽ ಛಲೋ ಎಣ್ಣಿ. ಪರದೇಶದ ಎಣ್ಣಿ ಚಾಚಾಗ ಹೆಂಗ ಗೊತ್ತಾಗಬೇಕು?”

ಎಲ್ಲರೂ ಹೌದೆಂದರು. ಹಸನಸಾಬರೂ ತಲೆಯಾಡಿಸಿದರು. ಇಷ್ಟು ಸುಲಭವಾಗಿ ತೆರೆದುಕೊಂಡ ಬಾಗಿಲಿನಿಂದ ಹೊರಬಂದದ್ದಕ್ಕೆ ಅವರಿಗೆ ನಿರಾಳವೆನಿಸಲಿಲ್ಲ, ನಾಚಿಕೆಯಾಯಿತು.

ಬಸ್ಸಿನಲ್ಲಿ ಚಾಂದಬಿ ಹೇಳಿದರು, “ಮೂಗು ಅಲ್ಲಾ ಒಯ್ದ, ಹೋಗ್ಲಿ ಬಿಡ್ರಿ. ಆ ‘ಒಯ್ರಿ’ ಅನ್ನೂದರ ನೀವು ಯಾಕ ಬಿಡವಲ್ರಿ?”

“ಬಿಟ್ರ ನನ್ನ ಹತ್ರ ಏನ ಉಳೀತೈತಿ?”

“ನಾ ಇಲ್ಲೇನ್ರಿ?” ಎಂದ ಚಾಂದಬಿ, “ಆ ಶಿಗ್ಗಾವಿ ಹುಡುಗನ ಎಣ್ಣಿನೂ ಹಿಂಗಽ ನೋಡಿದ್ರೇನು?” ಎಂದು ಕೇಳಿದರು. ಹಸನಸಾಬರು ಜಾಕೀಟಿನ ಬಲಜೇಬಿಗೆ ಬೆರಳು ಒರೆಸಿಕೊಂಡರು.

ಊರಿಗೆ ಬರುವ ಮೊದಲೇ ಅಲ್ತಾಫನ ಕಥೆ ಬಂದಿತ್ತು. ಟರ್ಕಿಯ ಎಣ್ಣೆಯನ್ನೇ “ಒಯ್ರಿ” ಎಂದು ತಳ್ಳಿದ ಧೀರನೆಂದು ಹಸನಸಾಬರ ಕೀರ್ತಿ ಕುಗ್ಗುವ ಬದಲು ಇಮ್ಮಡಿಯಾಯಿತು. ಖರ್ಜೂರ, ಮಕ್ಕಾದ ಪವಿತ್ರ ಜಮ್‌ಜಮ್ ನೀರಿಗೆಂದು ಬಂದವರಲ್ಲಿ ಇಬ್ಬರು ಬಟ್ಟಲನ್ನೂ ಹಿಡಿದುಕೊಂಡೇ ಬಂದರು. ಹಸನಸಾಬರು ಅದನ್ನು ಮುಟ್ಟಲಿಲ್ಲ. ಯಲವಿಗಿಗೆ ಹೇಳಿ ಕಳಿಸಿ ಶಂಕ್ರಪ್ಪನನ್ನು ಕರೆಸಿಕೊಂಡರು. ಕೊಂಡವನೂ ಮಾರಿದವನೂ ಕೂಡಿಯೇ ಇರಬೇಕಲ್ಲ. ಅವನೊಡನೆ ಬಸ್ಸು ಹತ್ತಿ ಶಿಗ್ಗಾವಿಗೆ ಹೋದರು.

ಫಯಾಜನ ಅಂಗಡಿಯಲ್ಲಿ ಆಗ ಗಿರಾಕಿಗಳಿದ್ದರು. ಅವರು ಹೋಗುವವರೆಗೆ ಕಾಯೋಣವೆಂದು ಶಂಕ್ರಪ್ಪ ತೋಳು ಹಿಡಿದೆಳೆದರೂ ಹಸನಸಾಬರು ನಿಲ್ಲಲಿಲ್ಲ. ತೀರ್ಪು ಎಲ್ಲರೆದುರಿಗೆ ಕೊಟ್ಟದ್ದಾಗಿತ್ತು.

“ಫಯಾಜ, ಜ್ವರ ಬಂದಾಗಿಂದ ನನ್ನ ಮೂಗು ಸತ್ತೈತಿ. ನಂಗ ಯಾವ ವಾಸ್ನಿನೂ ಬರೂದಿಲ್ಲ. ಅವತ್ತೂ ಬರ್ತಿದ್ದಿಲ್ಲ. ನಿನ್ನ ಎಣ್ಣಿ ಛಲೋ ಇತ್ತೋ ಕೆಟ್ಟಿತ್ತೋ ನಂಗ ಗೊತ್ತಿಲ್ಲ. ಗೊತ್ತಿಲ್ಲದಽ ಒಯ್ರಿ ಅಂದೆ.”

ಫಯಾಜ ತಕ್ಕಡಿಯನ್ನು ಕೆಳಗಿಟ್ಟ. ಶಂಕ್ರಪ್ಪ “ಏನ ಮಾತ್ರೀ ಇದು ಹಸನಸಾಬ್ರ!” ಎಂದು ಜೋಳದ ಚೀಲದ ಮೇಲೆ ಕುಳಿತ. ಫಯಾಜ ಬೈಯುತ್ತಾನೆಂದು, ಕಾಲಿಗೆ ಬೀಳುತ್ತಾನೆಂದು, ಏನೇನೋ ಎಣಿಸಿ ಬಂದಿದ್ದ ಹಸನಸಾಬರು ಅವನು ಕೊಟ್ಟ ಉತ್ತರವನ್ನು ಮಾತ್ರ ಎಣಿಸಿರಲಿಲ್ಲ.

“ಅವತ್ತ ಮುಂಜಾನಿ ಆ ಎಣ್ಣಿ ನಾನೂ ರುಚಿ ನೋಡಿದ್ದೆರಿ ಚಾಚಾ. ಛಲೋ ಇತ್ತು. ನೀವು ಒಯ್ರಿ ಅಂದ ಮ್ಯಾಲೆ, ನನ್ನ ನಾಲಿಗಿನಽ ಸುಳ್ಳು ಅಂದ್ಕೊಂಡೆ. ಅದು ನಮ್ಮ ಅಣ್ಣ ಮುಬಶೀರನ ಗಾಣದ್ದು. ಬಂಕಾಪುರಕ್ಕ ಹೋಗಿ ಅವನ ಮಕ್ಕಳ ಮುಂದ ಅವನ್ನ ಕಳ್ಳ ಅಂದು ಬಂದೆ. ಅವ ಖುರಾನ್ ಮುಟ್ಟಿ ಹೇಳಿದ, ನಾ ನಂಬಲಿಲ್ಲ. ಇವತ್ತಿಗೂ ನಮ್ಮಿಬ್ಬರ ನಡು ಮಾತಿಲ್ರಿ.”

ಗಿರಾಕಿಗಳು ಒಬ್ಬೊಬ್ಬರಾಗಿ ಸರಿದರು. ಹಸನಸಾಬರು ಜಾಕೀಟಿನ ಗುಂಡಿ ಹಾಕಿಕೊಂಡು, “ಅಂಗಡಿ ಬಾಗಿಲ ಹಾಕು. ಮುಬಶೀರನ ಮನಿಗೆ ನಾ ಬರ್ತೇನಿ” ಎಂದಷ್ಟೇ ಹೇಳಿದರು. ಫಯಾಜ ಬೀಗ ಹುಡುಕುತ್ತ ಅತ್ತುಬಿಟ್ಟ.

ಪ್ರತಿ ಊರಿನಲ್ಲೂ ಇಂಥವರೊಬ್ಬರು ಇರುತ್ತಾರೆ: ಎತ್ತಿನ ಹಲ್ಲು ನೋಡಿ ವಯಸ್ಸು ಹೇಳುವವರು, ಬಾವಿಗೆ ನೀರಿನ ಜಾಗ ತೋರಿಸುವವರು, ಎರಡು ಹೊಲಗಳ ನಡುವಿನ ಬಾಂದಕಲ್ಲು ಎಲ್ಲಿತ್ತೆಂದು ನೆನಪಿಟ್ಟವರು. ಅವರು ಒಮ್ಮೆ ಮಾತಾಡಿದರೆ ಸಾಕು, ನಾವು ನಮ್ಮ ಕಣ್ಣು, ನಾಲಿಗೆ, ನೆನಪುಗಳನ್ನು ಬಳಸುವುದನ್ನೇ ಬಿಟ್ಟು, ಆ ಸೋಮಾರಿತನಕ್ಕೆ ಗೌರವವೆಂದು ಹೆಸರಿಡುತ್ತೇವೆ. ಬಹಳ ಮಂದಿ ಆ ಗೌರವದೊಳಗೇ ಮೆಲ್ಲಗೆ ಕುರುಡಾಗಿ, ಕಿವುಡಾಗಿ, ಕೊನೆಯವರೆಗೂ ತೀರ್ಪು ಕೊಡುತ್ತಲೇ ಇರುತ್ತಾರೆ. ನನಗೆ ತಿಳಿಯುವುದಿಲ್ಲ ಎಂದು ತಾವಾಗಿ ಕಟ್ಟೆ ಇಳಿದು ಬರುವವರು ಎಲ್ಲೋ ಒಬ್ಬರು. ಅಂಥವರಿಗೂ ಕೆಳಗೆ ಹಾರ ಕಾದಿರುವುದಿಲ್ಲ. ತಾವು ಒಂದೇ ಮಾತಿನಲ್ಲಿ ಮುಗಿಸಿ ಎದ್ದದ್ದು ಇನ್ನೊಬ್ಬರ ಮನೆಯಲ್ಲಿ ಇಷ್ಟು ದಿನವೂ ಮುಗಿಯದೆ ನಡೆಯುತ್ತಿತ್ತೆಂಬುದು ಅವರಿಗೆ ಗೊತ್ತಾಗುವುದು ಇಳಿದ ಮೇಲೆಯೇ.