ಎಡಗೆನ್ನೆಯ ಬಿಸಿಲು

ತಮ್ಮ ಆ ಬೆಟ್ಟವನ್ನು ಎಷ್ಟು ಜೋರಾಗಿ ಹತ್ತಿದನೆಂದರೆ, ಅವನ ನೆರಳು ಅರ್ಧ ದಾರಿಯಲ್ಲೇ ಸುಸ್ತಾಗಿ ಕೂತುಬಿಟ್ಟಿತಂತೆ! ಹಾಯಿದೋಣಿಯಲ್ಲಿ ಕರಾವಳಿ ಸುತ್ತಿ, ದಡಕ್ಕಿಳಿದು ಬೆಟ್ಟವನ್ನು ಓಡುತ್ತ ಹತ್ತಿಳಿಯುವ ತಂಡಗಳ ಪಂದ್ಯವದು. ಅದಕ್ಕಾಗಿ ವರ್ಷವಿಡೀ ಮೆಟ್ಟಿಲು ಹತ್ತಿಳಿದು ಮೊಣಕಾಲು ಸವೆಸಿದ್ದ.

ಅಕ್ಕ ಹೊಲಿಗೆ ಯಂತ್ರ ನಿಲ್ಲಿಸಿದಳು. “ಬೆಟ್ಟ ಹತ್ತಿಳಿದೋನಿಗೆ ಎಡಗೆನ್ನೆ ಮಾತ್ರ ಯಾಕೋ ಸುಟ್ಟಿದೆ, ಮಹಾರಾಯ?”

“ಸೂರ್ಯ ಒಂದೇ ಕಡೆಯಿಂದ ಬೆನ್ನಟ್ಟಿದ, ಅಕ್ಕ.”

“ರೈಲು ಬಿಡ್ಬೇಡ!”

ಅವನ ಮುಖ ಪೆಚ್ಚಾಯಿತು. “ಹಾಳಾದ ಗಾಳಿ ಪೂರ್ತಿ ನಿಂತೋಯ್ತು. ಮಧ್ಯಾಹ್ನದಿಂದ ದೋಣಿ ಅಲುಗಾಡಲೇ ಇಲ್ಲ. ಬೆಟ್ಟ ಎದುರಿಗೇ ಇತ್ತು, ಅದನ್ನೇ ದುರುಗುಟ್ಟಿಕೊಂಡು ಕೂತಿದ್ದೆ. ಗಡುವು ಮುಗೀತು ಅಂತ ಪಂದ್ಯದೋರು ದೋಣಿನ ವಾಪಸ್ ಎಳ್ಕೊಂಡು ಬಂದ್ರು. ಒಂದು ಹೆಜ್ಜೆನೂ ಓಡ್ಲಿಲ್ಲ ಕಣೇ.”