ಅಪ್ಪಯ್ಯಣ್ಣನ ಮಂತ್ರ

ಅಪ್ಪಯ್ಯಣ್ಣ ಜಗಲಿಯ ಮೇಲೆ ಕೂತು ತನ್ನ ಜಟೆಯನ್ನು ಬಿಸಿಲಿಗೆ ಹರಡುತ್ತಿದ್ದ. ತಲೆಯ ಮೇಲಿನದಲ್ಲ, ಅಲ್ಲೇನೂ ಉಳಿದಿರಲಿಲ್ಲ. ಇದು ಸಿನಿಮಾದ ಜಟೆ. ಇಪ್ಪತ್ತೆಂಟು ವರ್ಷದಿಂದ ದೆವ್ವದ ಸಿನಿಮಾಗಳಲ್ಲಿ ಮಂತ್ರವಾದಿಯೆಂದರೆ ದೊಡ್ಡಬಳ್ಳಾಪುರದ ಹತ್ತಿರದ ಮಧುರೆಯ ಅಪ್ಪಯ್ಯಣ್ಣನೇ. ಮೂರು ನಿಮಿಷ ಬಂದು, ನಿಂಬೆಹಣ್ಣು ಕೊಯ್ದು ದೆವ್ವ ಓಡಿಸಬೇಕು, ಇಲ್ಲವೇ ದೆವ್ವದ ಕೈಯಲ್ಲಿ ಸಾಯಬೇಕು. ಪೋಸ್ಟರಿನಲ್ಲಿ ಒಂದು ಸಲವೂ ಹೆಸರು ಬಂದದ್ದಿಲ್ಲ, ಪಾಪ. ಊರಲ್ಲಿ ಮಾತ್ರ ಜನ ಕಂಡಲ್ಲಿ ಕೈಮುಗಿಯುತ್ತಿದ್ದರು. ಅದು ಅವನಿಗೆ ಹಿಡಿಸಿಬಿಟ್ಟಿತ್ತು. ಯಾರಿಗೆ ತಾನೇ ಹಿಡಿಸುವುದಿಲ್ಲ ಹೇಳಿ!

ಅಷ್ಟರಲ್ಲಿ ಹಿಂದಿನ ಬೀದಿಯ ಅನುಸೂಯಮ್ಮ ಮೊಮ್ಮಗಳು ಹರ್ಷಿತಳ ಕೈಹಿಡಿದು ಬಂದಳು. ಹುಡುಗಿಯ ಹಣೆಗೆ ಬ್ಯಾಂಡೇಜು.

"ಅಣ್ಣಾ, ಮತ್ತೆ ಗಾಳಿ ಬಂದ್ಬಿಡ್ತು. ಸ್ಕೂಲ್ ಮೆಟ್ಲ ಮೇಲೇ ಬಿದ್ದವ್ಳೆ. ಹೋದ ತಿಂಗ್ಳು ಕಟ್ದಂಗೆ ಇನ್ನೊಂದು ದಾರ ಕಟ್ಟಣ್ಣ. ಈ ಸಲ ಗಟ್ಟಿ ಮಂತ್ರ ಹಾಕು."

"ಆಸ್ಪತ್ರೆ ಮಾತ್ರೆ ತಗೋತಾವ್ಳೆ ತಾನೆ?"

"ನೀನು ದಾರ ಕಟ್ಟಿದ್ಮೇಲೆ ಮಾತ್ರೆ ಯಾಕಣ್ಣ? ಅವತ್ತೇ ನಿಲ್ಲಿಸ್ಬಿಟ್ವಿ."

ಅಪ್ಪಯ್ಯಣ್ಣ ಜಟೆಯನ್ನು ಪಕ್ಕಕ್ಕಿಟ್ಟ. ಮುದುಕಿ ಕೈಮುಗಿದಳಲ್ಲ ಎಂಬ ಖುಷಿಗೆ ಅವತ್ತು ಕೆಂಪು ದಾರ ಕಟ್ಟಿ ಏನೋ ಗೊಣಗಿದ್ದ, ಅಷ್ಟೇ. ಬಾಗಿಲಲ್ಲಿ ಹೆಂಡತಿ ಅಂಜಿನಮ್ಮ ಕಾಣಿಸಿಕೊಂಡಳು. "ಬಣ್ಣ ತೊಳ್ಕೊಂಡ್ಮೇಲೆ ಮನುಷ್ಯನಾಗಿರು ಅಂತ ಬಡ್ಕೊಂಡೆ. ಕೇಳಿದ್ಯಾ?"

"ಅನುಸೂಯಮ್ಮ, ನಂಗೆ ಯಾವ ಮಂತ್ರಾನೂ ಬರಲ್ಲ ಕಣಮ್ಮ. ಇವ್ಳಿಗಿರೋದು ಫಿಟ್ಸು. ಗಾಳೀನೂ ಅಲ್ಲ, ಧೂಳೂ ಅಲ್ಲ."

"ಸುಮ್ನಿರಣ್ಣ! ನಿನ್ನ ಮಂತ್ರಕ್ಕೆ ಅಷ್ಟುದ್ದದ ದೆವ್ವ ಹೊಗೆಯಾಗಿ ಹೋಗಿದ್ದನ್ನ ಟೀವಿಲಿ ನಾನೇ ಕಣ್ಣಾರೆ ನೋಡಿದೀನಿ. ಡಾಕ್ಟ್ರು ವರ್ಷಗಟ್ಲೆ ಮಾತ್ರೆ ನುಂಗು ಅಂತಾರೆ. ಅಂಥ ಹುಡ್ಗೀನ ನಾಳೆ ಯಾರು ಮದ್ವೆ ಆಗ್ತಾರೆ? ಗಾಳಿ ಅಂದ್ರೆ, ಬಿಟ್ಟೋಯ್ತು ಅಂತಾನಾದ್ರೂ ಹೇಳ್ಬೋದು."

ಮುದುಕಿಯ ಭಯವೂ ಸುಳ್ಳಲ್ಲ. ನಿಜ ಬಿಚ್ಚಿ ಹೇಳಿದರೆ ಊರಲ್ಲಿದ್ದ ಮರ್ಯಾದೆ ಹೋಗುತ್ತದೆ, ಹೇಳದಿದ್ದರೆ ಈ ಮಗು ನಾಳೆ ಕೆರೆಯ ಏರಿಯ ಮೇಲೆ ಬೀಳುತ್ತದೆ. ಅಪ್ಪಯ್ಯಣ್ಣ ಗಂಟಲು ಸರಿಮಾಡಿಕೊಂಡ.

"ಪುಟ್ಟಿ, ಸಿನಿಮಾದಲ್ಲಿ ಗಡಗಡ ಹೇಳ್ತೀನಲ್ಲ, ಅದನ್ನೇ ಈಗ ನಿಧಾನಕ್ಕೆ ಹೇಳ್ತೀನಿ, ಕೇಳು." ಕಣ್ಣರಳಿಸಿ ಗುಡುಗಿದ. "ಹ್ರೀಂ... ಕನಸವಾಡಿ! ಹ್ರೂಂ... ಕೋಡಿಹಳ್ಳಿ! ಹ್ರೀಂ... ವೀರಾಪುರ!"

ಹರ್ಷಿತ ಕಣ್ಣು ಪಿಳಿಪಿಳಿ ಬಿಟ್ಟು, ಕಿಸಕ್ಕನೆ ನಕ್ಕಳು. "ಅಜ್ಜೀ, ಇದು ದೊಡ್ಬಳ್ಳಾಪುರದ ಬಸ್ಸು! ಎಲ್ಲಾ ಸ್ಟಾಪುಗಳು!"

"ಹೂಂ ಕಣವ್ವ. ಮೊದಲ್ನೇ ಸಿನಿಮಾದಲ್ಲಿ ಮಂತ್ರಾನೇ ಬರ್ದಿರ್ಲಿಲ್ಲ. ಏನಾದ್ರೂ ಗೊಣಗು, ಮ್ಯೂಸಿಕ್ ಹಾಕ್ತೀವಿ ಅಂದ್ರು. ಬಾಯಿಗೆ ಬಂದಿದ್ದು ಇದೇ. ಇವತ್ತಿಗೂ ಅದೇ."

ಅನುಸೂಯಮ್ಮ ನಗಲಿಲ್ಲ. "ನಿಂಗೆ ಕೈಮುಗಿದ್ನಲ್ಲಣ್ಣ," ಎಂದಳು. ಕಣ್ಣು ತುಂಬಿತ್ತು.

"ತಪ್ಪಾಯ್ತು ತಾಯಿ." ಈ ಸಲ ಕೈಮುಗಿದವನು ಅವನು. ನಿಂಬೆಹಣ್ಣು ಕೊಯ್ಯುವ ಚಾಕುವಿನಿಂದಲೇ ಹುಡುಗಿಯ ಕೈಯ ದಾರ ಕತ್ತರಿಸಿದ. "ಆಸ್ಪತ್ರೆಗೆ ನಾನೂ ಬರ್ತೀನಿ. ಡಾಕ್ಟ್ರ ಹತ್ರ ಬೈಸ್ಕೊಳೋದು ನನ್ನ ಪಾಲು. ಮದ್ವೆ ಕಾಲ ಬರ್ಲಿ, ಗಂಡಿನ ಕಡೆಯವ್ರ ಮುಂದೆ ಕೂತು ಇದು ಬರೀ ಕಾಯ್ಲೆ ಅಂತ ನಾನೇ ಹೇಳ್ತೀನಿ."

ಬಸ್ಸಿನಲ್ಲಿ ಅನುಸೂಯಮ್ಮ ಕಿಟಕಿಯ ಕಡೆ ಮುಖ ಮಾಡಿ ಕೂತಳು. ಹರ್ಷಿತ ಮಾತ್ರ ಪ್ರತಿ ಸ್ಟಾಪಿಗೂ ಅದರ ಹೆಸರು ಕೂಗಿ, ಸಿನಿಮಾದ ದಪ್ಪ ದನಿ ತೆಗೆದು "ಹ್ರೀಂ!" ಎನ್ನುತ್ತಿದ್ದಳು. ಮುಂದಿನ ಸೀಟಿನವರು ತಿರುಗಿ ಅಪ್ಪಯ್ಯಣ್ಣನನ್ನು ನೋಡಿ ನಗತೊಡಗಿದರು. ಇಪ್ಪತ್ತೆಂಟು ವರ್ಷದ ಗುಟ್ಟು ಒಂದೇ ಬಸ್ಸಿನಲ್ಲಿ ರಟ್ಟಾಯಿತು. ಹೋಗಲಿ ಬಿಡು ಎಂದುಕೊಂಡು ಅವನೂ ನಕ್ಕ.

ದೊಡ್ಡಬಳ್ಳಾಪುರ ಬಂತು. ಅನುಸೂಯಮ್ಮ ಸೆರಗು ಸರಿಮಾಡಿಕೊಂಡು ಎದ್ದಳು.

"ಇಳೀರಿ ಮಂತ್ರವಾದಿಗಳೇ, ಮಂತ್ರ ಮುಗೀತು. ಆಸ್ಪತ್ರೇಲಿ ಚೀಟಿ ಮಾಡ್ಸೋ ಸಾಲು ಉದ್ದ ಇರ್ತದೆ, ಮೊದ್ಲು ಓಡೋಗಿ ನಿಂತ್ಕೊಳಣ್ಣ."