ಚಿಕ್ಕಮ್ಮನ ಹೂಂ

ಈಗ ಕುಳ್ಳಿಯ ತಲೆಯೂ ಬೆಳ್ಳಗಾಗಿದೆ, ಸ್ವಂತ ಹೊಲಿಗೆ ಅಂಗಡಿಯಿದೆ. ಆದರೂ ಬಟ್ಟೆ ಹಾಸಿದಾಗಲೆಲ್ಲ ಚಿಕ್ಕಮ್ಮನ ಆ ಇಕ್ಕಟ್ಟಿನ ಕೋಣೆ, ಬಿಸಿ ಇಸ್ತ್ರಿಯ ವಾಸನೆ ನೆನಪಾಗುತ್ತದೆ. ಏನು ಕಾಲವಪ್ಪಾ ಅದು!

ಕುಳ್ಳಿ ಕೆಲಸ ಕಲಿತದ್ದು ಅಲ್ಲೇ. ಚಿಕ್ಕಮ್ಮನ ಬಾಯಿ ತುಂಬ ಸದಾ ಗುಂಡುಪಿನ್ನು. ಹಾಗಾಗಿ ಪಾಠವೆಲ್ಲ ಎರಡೇ ಮಾತು: ಸರಿಯಿದ್ದರೆ ‘ಹೂಂ’, ತಪ್ಪಿದ್ದರೆ ‘ಉಹೂಂ’. ಮೊದಮೊದಲು ಕುಳ್ಳಿಯ ಕೈಮೇಲೆ ತನ್ನ ಕೈಯಿಟ್ಟು ಕತ್ತರಿ ಆಡಿಸಿದಳು. ಆಮೇಲೆ ಗೆರೆಯ ಮೇಲೆ ಬೆರಳು ಓಡಿಸುತ್ತ ದಾರಿ ತೋರಿಸಿದಳು. ಬರಬರುತ್ತ ಬೆರಳು ಓಡಿಸುವುದೂ ನಿಂತಿತು. ಪಕ್ಕದ ಸ್ಟೂಲಿನಲ್ಲಿ ಕೂತು ಬರೀ ಹೂಂಗುಟ್ಟತೊಡಗಿದಳು. ಆ ಹೂಂ ಇಲ್ಲದೆ ಈ ಪುಣ್ಯಾತ್ಗಿತ್ತಿ ಒಂದು ಕರವಸ್ತ್ರವನ್ನೂ ಕತ್ತರಿಸುತ್ತಿರಲಿಲ್ಲ ಎನ್ನಿ.

ಅಷ್ಟರಲ್ಲಿ ಕುಳ್ಳಿಯ ಅಕ್ಕನ ಮದುವೆ ಬಂತು. ಊರೆಲ್ಲ ಅಲೆದು ಅಕ್ಕ ಮದುವೆಯ ರವಿಕೆಗೆ ರೇಷ್ಮೆ ತಂದಳು, ಅಂಗಡಿಯಲ್ಲಿ ಉಳಿದಿದ್ದ ಕೊನೆಯ ತುಂಡು. ಕೆಟ್ಟರೆ ಇನ್ನೊಂದಿಲ್ಲ. ಚಿಕ್ಕಮ್ಮ ಅದನ್ನು ಸೀದಾ ಕುಳ್ಳಿಯ ಮುಂದೆ ತಳ್ಳಿದಳು.

ಕುತ್ತಿಗೆ ಮುಗಿಯಿತು. ಹೂಂ. ಭುಜ ಮುಗಿಯಿತು. ಹೂಂ. ತೋಳಿಗೆ ಬಂದಾಗ ಕತ್ತರಿ ನಿಂತಿತು. ಕುಳ್ಳಿ ಗಡಿಬಿಡಿಯಲ್ಲಿ ಸೀಮೆಸುಣ್ಣದಿಂದ ಎರಡೆರಡು ಗೆರೆ ಎಳೆದು, ತಪ್ಪಾದದ್ದನ್ನು ಒರೆಸುವುದನ್ನೇ ಮರೆತಿದ್ದಳು, ಮಂಗ!

“ಚಿಕ್ಕಮ್ಮ, ಒಳಗಿನ ಗೆರೆಯೋ, ಹೊರಗಿನದೋ?”

“ಹೂಂ.”

“ಹೂಂ ಅಂದ್ರೆ? ಯಾವುದು?”

“ಹೂಂ.”

ಕುಳ್ಳಿ ತಲೆಯೆತ್ತಿದಳು. ಚಿಕ್ಕಮ್ಮನ ನೋಟ ಬಟ್ಟೆಯ ಮೇಲಿರಲಿಲ್ಲ, ಎದುರಿನ ಗೋಡೆಯ ಮೇಲಿತ್ತು. ಅವಳು ಬಾಯಿಂದ ಒಂದೊಂದೇ ಪಿನ್ನು ತೆಗೆದು ಅಂಗೈಗೆ ಹಾಕಿಕೊಂಡಳು.

“ನಂಗೆ ಗೆರೆ ಕಾಣಲ್ಲ ಕಣೇ. ಚಳಿಗಾಲದಿಂದಲೇ ಎಲ್ಲ ಮಸುಕು ಮಸುಕು.”

ಕುಳ್ಳಿಗೆ ಸಿಟ್ಟೂ ಅಳುವೂ ಒಟ್ಟಿಗೇ ನುಗ್ಗಿ ಬಂದವು.

“ಮತ್ತೆ ಇಷ್ಟು ದಿನ ಹೂಂ ಹೂಂ ಅಂತಿದ್ಯಲ್ಲ! ಅಯ್ಯೋ, ಎಷ್ಟು ಗಿರಾಕಿಗಳ ಬಟ್ಟೆ ಕತ್ತರಿಸಿದೀನಿ ನಾನು!”

“ಒಂದಾದ್ರೂ ವಾಪಸ್ ಬಂತಾ?”

ಬಂದಿರಲಿಲ್ಲ.

“ಪ್ರತಿ ಸಲ ನೀನು ಕೇಳ್ತಿದ್ದೆ, ಪಾಪ ಅಂತ ನಾನು ಹೂಂ ಅಂತಿದ್ದೆ,” ಎಂದಳು ಚಿಕ್ಕಮ್ಮ. “ಈಗ ನೀನೇ ಹೇಳು, ಯಾವ ಗೆರೆ?”

ಕುಳ್ಳಿ ಮೂಗೊರೆಸಿಕೊಂಡು ರೇಷ್ಮೆಯನ್ನೇ ನೋಡಿದಳು. ಟೇಪು ಸುತ್ತಿ ಅಳತೆ ತೆಗೆದಾಗ ಅಕ್ಕ ಕಚಗುಳಿಯಾಗಿ ನಕ್ಕಿದ್ದು, ಆ ದುಂಡುತೋಳು ಎಲ್ಲ ಕಣ್ಣಮುಂದೆ ಬಂತು.

“ಹೊರಗಿನದು. ಅಕ್ಕನ ತೋಳು ದಪ್ಪ.”

ಕುಳ್ಳಿ ಚಿಕ್ಕಮ್ಮನ ಹೂಂಗಾಗಿ ಕಾಯಲಿಲ್ಲ, ಕತ್ತರಿ ಹಾಕಿಯೇಬಿಟ್ಟಳು.